ಸತ್ತ ಮರಿ ಯಾರದ್ದು?

ಕೇಳುಗರೆಲ್ಲರಿಗೂ ನಮಸ್ಕಾರ. ಗಂಡು ಸಿಂಹವೊಂದು ಸಿಂಹದ ಮರಿಯನ್ನೇ ಕಚ್ಚಿ ಕೊಲ್ಲುವುದನ್ನು ಟೀವಿಯಲ್ಲಿ ನೋಡಿದವರು ನನ್ನನ್ನು ಕೇಳುತ್ತಾರೆ: “ಅದಕ್ಕೇನು ಹುಚ್ಚು ಹಿಡಿದಿತ್ತಾ? ಅಷ್ಟು ಹಸಿವಾ?” ಸ್ವಾಮಿ, ಆ ಪ್ರಶ್ನೆ ಬಿಡಿ. ಸತ್ತ ಮರಿ ಯಾರದ್ದು, ಅದನ್ನು ಕೇಳಿ.

ವಿಜ್ಞಾನಿಗಳು ಈ ವಿಷಯಕ್ಕೆ ತಲೆ ಕೆಡಿಸಿಕೊಂಡದ್ದು ಮುಸುವನಿಂದ. ಕಪ್ಪು ಮುಖ, ಉದ್ದ ಬಾಲ, ಅದೇ ಮುಸುವ. 1960ರ ದಶಕದ ಮೊದಲಲ್ಲಿ ಯುಕಿಮಾರು ಸುಗಿಯಾಮಾ ಎಂಬ ಜಪಾನಿ ಸಂಶೋಧಕರು ಧಾರವಾಡದ ಸುತ್ತಲ ಕಾಡಿನಲ್ಲಿ ಮುಸುವಗಳ ಹಿಂದೆ ಬಿದ್ದಿದ್ದರು. ಒಂದು ಹಿಂಡು ಅಂದರೆ ಹಲವು ಹೆಣ್ಣು, ಮರಿಗಳು, ಬಹುಮಟ್ಟಿಗೆ ಒಬ್ಬನೇ ಯಜಮಾನ. ಹಿಂಡು ಸಿಗದ ಗಂಡುಗಳು ಗುಂಪು ಕಟ್ಟಿಕೊಂಡು ಹೊರಗೆ ಅಲೆಯುತ್ತವೆ. 1962ರಲ್ಲಿ ಅಂಥದೊಂದು ಗುಂಪು ಹಿಂಡಿನ ಮೇಲೆ ಬಿತ್ತು. ಹಳೆಯ ಯಜಮಾನ ಓಡಿಹೋದ. ಬಂದವರಲ್ಲೇ ಒಬ್ಬ ಉಳಿದವರನ್ನೂ ಅಟ್ಟಿ, ತಾನೊಬ್ಬನೇ ನಿಂತ. ಆಮೇಲೆ ಎಳೆ ಮರಿಗಳು ಒಂದೊಂದಾಗಿ ಕಚ್ಚಿಸಿಕೊಂಡು ಇಲ್ಲವಾದವು.

ಸುಗಿಯಾಮಾ ಅಷ್ಟಕ್ಕೇ ಬಿಡಲಿಲ್ಲ. ಬೇರೊಂದು ಹಿಂಡಿನ ಯಜಮಾನನನ್ನು ತಾವೇ ಹಿಡಿದು ಹೊರಗಿಟ್ಟರು. ಪಕ್ಕದ ಹಿಂಡಿನ ಗಂಡು ಬಂತು. ಮತ್ತೆ ಅದೇ ಕಥೆ! ನನಗೆ ಇದನ್ನು ಎಷ್ಟು ಸಲ ಹೇಳಿದರೂ ಸಾಲದು.

ಆಗ ಬಹಳ ಜನ ನಂಬಲಿಲ್ಲ. ಜನಸಂದಣಿಯಂತೆ ಮುಸುವಸಂದಣಿ ಹೆಚ್ಚಿ ಅವಕ್ಕೆ ತಲೆ ಕೆಟ್ಟಿದೆ ಎಂದರು. ಅದನ್ನೇ ಪರೀಕ್ಷಿಸಲು ಸಾರಾ ಹರ್ಡಿ ಎಂಬ ಅಮೆರಿಕದ ಸಂಶೋಧಕಿ 1971ರಲ್ಲಿ ರಾಜಸ್ಥಾನದ ಮೌಂಟ್ ಅಬುವಿಗೆ ಬಂದರು. ಅವರಿಗೆ ಕಂಡದ್ದು ಬೇರೆಯೇ ಲೆಕ್ಕ. ಹಾಲೂಡುವ ತಾಯಿ ಬೆದೆಗೆ ಬರುವುದಿಲ್ಲ. ಮರಿ ಸತ್ತರೆ ಬೇಗ ಬರುತ್ತಾಳೆ. ಹೊಸ ಯಜಮಾನನ ಆಳ್ವಿಕೆ ಅಲ್ಲಿ ಸರಾಸರಿ ಎರಡು ವರ್ಷ ಚಿಲ್ಲರೆ. ಬಸಿರಿಗೇ ಆರೂವರೆ ತಿಂಗಳು ಬೇಕು. ಹಿಂದಿನವನ ಮರಿ ಹಾಲು ಬಿಡುವವರೆಗೆ ಕಾದು ಕೂತರೆ ಇವನ ಮರಿ ಹುಟ್ಟುವುದು ಯಾವಾಗ, ದೊಡ್ಡದಾಗುವುದು ಯಾವಾಗ? ಸತ್ತ ಮರಿ ಯಾರದ್ದು? ಹಿಂದಿನವನದ್ದು. ಮುಂದೆ ನೇಪಾಳದ ರಾಮನಗರದ ಮುಸುವಗಳ ಡಿಎನ್ಎ ನೋಡಿದಾಗಲೂ ಮರಿಯ ಮೇಲೆರಗಿದ ಗಂಡು ಅದರ ಅಪ್ಪನಾಗಿರಲಿಲ್ಲ.

ತಾಯಂದಿರೂ ಪೆದ್ದರಲ್ಲ. ಬಸಿರಾಗಿದ್ದರೂ ಹೊಸಬನ ಜೊತೆ ಕೂಡುತ್ತಾರೆ, ಹುಟ್ಟುವ ಮರಿ ತನ್ನದೇ ಎಂದು ಅವನು ತಿಳಿದುಕೊಳ್ಳಲಿ ಅಂತ.

ಹೇಳಬೇಕೆಂದುಕೊಂಡದ್ದು ಬಹಳವಿತ್ತು, ಮುಸುವವೇ ಸಮಯ ತಿಂದುಬಿಟ್ಟಿತು. ಸಿಂಹದ್ದೂ ಇದೇ ಲೆಕ್ಕ. ದೇವನಕ್ಕಿ ಎಂಬ ನೀರುಹಕ್ಕಿಗಳಲ್ಲಿ ಕಾವು ಕೂರುವುದು ಗಂಡು, ಹಾಗಾಗಿ ಕೊಲ್ಲಲು ಬರುವವಳು ಹೊಸ ಹೆಣ್ಣು. ತನ್ನದೇ ಮರಿಯನ್ನು ಯಾವ ಜೀವಿಯೂ ತಿನ್ನುವುದಿಲ್ಲವೇ ಅಂತೀರಿ. ಸತ್ತ ಇಲಿ, ಹಕ್ಕಿಯನ್ನು ಹೂತು ಮರಿ ಸಾಕುವ ಒಂದು ಜೀರುಂಡೆ ಇದೆ. ಹೆಣ ಚಿಕ್ಕದು, ಮರಿಹುಳು ಜಾಸ್ತಿ ಎಂದರೆ ಹೆತ್ತವರೇ ಕೆಲವನ್ನು ತಿಂದುಬಿಡುತ್ತವೆ, ಉಳಿದವಕ್ಕೆ ಹೊಟ್ಟೆ ತುಂಬಲಿ ಎಂದು. ಅದರದ್ದೇ ಒಂದು ದಿನದ ಮಾತಾಗುತ್ತದೆ.

ಇಲಿಯದ್ದೊಂದು ಹೇಳಿ ಮುಗಿಸುತ್ತೇನೆ. ಸುಂಡಿಲಿಗಳಲ್ಲಿ ಎಷ್ಟೋ ಗಂಡುಗಳು ಕಣ್ಣಿಗೆ ಬಿದ್ದ ಮರಿಯನ್ನು ಕೊಲ್ಲುತ್ತವೆ. ಅಂಥದೇ ಗಂಡು ಹೆಣ್ಣಿನೊಡನೆ ಕೂಡಿದ ಸುಮಾರು ಮೂರು ವಾರಕ್ಕೆ ಮರಿ ಕಂಡರೆ ನೆಕ್ಕಿ ಬೆಚ್ಚಗಿಡುತ್ತದೆ. ಸುಂಡಿಲಿಯ ಬಸಿರೂ ಮೂರು ವಾರ. ಮರಿಗಳು ಬೆಳೆದು ಗೂಡು ಬಿಟ್ಟ ಮೇಲೆ ಅದು ಮತ್ತೆ ಹಳೆಯ ಚಾಳಿಗೆ ಹೊರಳುತ್ತದೆ.

ನಮಸ್ಕಾರ.