ತಂತಿ ಸುತ್ತಿದ ಗುಮ್ಮಟ

ಕೇಳುಗರಿಗೆಲ್ಲ ನಮಸ್ಕಾರ.

ವಿಜಯಪುರದ ಗೋಳಗುಮ್ಮಟ ನಿಮ್ಮಲ್ಲಿ ತುಂಬಾ ಜನ ನೋಡಿರುತ್ತೀರಿ. ಶಾಲೆಯ ಪ್ರವಾಸದಲ್ಲಿ ಅಲ್ಲಿಗೆ ಹೋದಾಗ ನಾವು ಮಾಡಿದ್ದು ಒಂದೇ ಕೆಲಸ. ಮೇಲಿನ ಗ್ಯಾಲರಿ ಹತ್ತಿ ಚಪ್ಪಾಳೆ ತಟ್ಟಿದ್ದು, ಕೂಗಿದ್ದು. ಮೇಷ್ಟ್ರು "ಸುಮ್ನಿರ್ರೋ" ಅಂತ ಗದರಿದರು. ಆ ಗದರಿಕೆಯೂ ಮತ್ತೆ ಮತ್ತೆ ಕೇಳಿಸಿತು!

ಅಂಥದೊಂದು ಗುಮ್ಮಟದ ಕೆಳಗೆ ಹದಿನೈದು ಸಾವಿರ ಜನರನ್ನು ಕೂರಿಸಿ ಬ್ಯಾಸ್ಕೆಟ್‌ಬಾಲ್ ಆಡಿಸಿದರೆ ಹೇಗಿರುತ್ತದೆ? ಇನ್ನೊಂದು ದಿನ ಅಲ್ಲೇ ಗಿಟಾರು, ಡ್ರಮ್ಮು ಇಟ್ಟು ಹಾಡಿಸಿದರೆ? ಅಮೆರಿಕದ ಇಲಿನಾಯ್ ವಿಶ್ವವಿದ್ಯಾಲಯದಲ್ಲಿ ಅಂಥ ಕಟ್ಟಡ ಇದೆ. 1963ರ ಮಾರ್ಚ್‌ನಲ್ಲಿ ಬಾಗಿಲು ತೆರೆದಾಗ ಅದರ ಹೆಸರು ಅಸೆಂಬ್ಲಿ ಹಾಲ್. 2013ರಿಂದ ಒಂದು ವಿಮಾ ಕಂಪನಿಯ ಹೆಸರು ಹೊತ್ತು ಸ್ಟೇಟ್ ಫಾರ್ಮ್ ಸೆಂಟರ್ ಆಗಿದೆ. ನನಗೇನೋ ಹಳೇ ಹೆಸರೇ ಚೆನ್ನ.

ನಮ್ಮಕ್ಕನ ಮಗ ಆ ಊರಲ್ಲಿ ಓದುತ್ತಿದ್ದ. ಊರಿನ ಹೆಸರು ಶಾಂಪೇನ್. ಸುತ್ತ ಎಲ್ಲಿ ನೋಡಿದರೂ ಮಟ್ಟಸವಾದ ನೆಲ, ಮೆಕ್ಕೆಜೋಳದ ಹೊಲ. ಗುಡ್ಡ ಅನ್ನೋದೇ ಇಲ್ಲ. ಒಂದು ಚಳಿಗಾಲದ ಸಂಜೆ ಅವನ ಜೊತೆ ಹಿಮ ತುಳಿಯುತ್ತಾ ಹೋಗುತ್ತಿದ್ದೆ. ದೂರದಲ್ಲಿ ಬಿಳೀ ಬಟ್ಟಲೊಂದರ ಮೇಲೆ ಇನ್ನೊಂದು ಬಟ್ಟಲನ್ನು ಬೋರಲು ಹಾಕಿದ ಹಾಗೆ ಕಾಣಿಸಿತು. ಕೆಳಗಿನ ಬಟ್ಟಲಲ್ಲಿ ಜನ ಕೂರುತ್ತಾರೆ. ಮೇಲಿನದು ಚಾವಣಿ. ಎರಡರ ಅಂಚೂ ಒಂದಕ್ಕೊಂದು ಕೂಡಿಕೊಂಡಿದೆ.

ಒಳಗೆ ಹೋಗಿ ಕೂತವಳು ಆಟ ನೋಡುವುದು ಬಿಟ್ಟು ಮೇಲೆ ನೋಡಿದೆ. ಒಂದೇ ಒಂದು ಕಂಬ ಇಲ್ಲ. ಈ ತುದಿಯಿಂದ ಆ ತುದಿಗೆ 400 ಅಡಿ. ನಮ್ಮ ಗೋಳಗುಮ್ಮಟದ ಒಳಗಿನ ಅಳತೆಗೆ ಮೂರು ಪಟ್ಟಿಗಿಂತ ಜಾಸ್ತಿ. ಅಲ್ಲಿ ಗುಮ್ಮಟದ ಬುಡದಲ್ಲಿ ಗೋಡೆಯೇ ಸುಮಾರು 10 ಅಡಿ ದಪ್ಪ. ಇಲ್ಲಿ ಕಾಂಕ್ರೀಟು ಕೆಲವೇ ಇಂಚು!

"ಇದು ಬೀಳಲ್ವೇನೋ?" ಅಂತ ಕೇಳಿದೆ. ಅವನು ಓದುತ್ತಿದ್ದದ್ದು ಸಿವಿಲ್ ಎಂಜಿನಿಯರಿಂಗ್. "ಮನೆಗೆ ನಡಿ ಚಿಕ್ಕಮ್ಮಾ, ತೋರಿಸ್ತೀನಿ" ಅಂದ.

ರಾತ್ರಿ ಅಡುಗೆಮನೆ ಟೇಬಲ್ ಮೇಲೆ ಎರಡು ಪುಸ್ತಕ ಇಟ್ಟ. ನಡುವೆ ಒಂದು ಹಾಳೆ ಹಾಸಿ ಮೇಲೊಂದು ಸಣ್ಣ ಸ್ಟೀಲ್ ಲೋಟ ಇಟ್ಟ. ಹಾಳೆ ಕುಸಿದು ಲೋಟ ಟಣ್ ಅಂತ ಬಿತ್ತು. ಅದೇ ಹಾಳೆಯನ್ನು ಬೀಸಣಿಗೆಯ ಹಾಗೆ ಮಡಿಕೆ ಮಡಿಕೆಯಾಗಿ ಮಡಚಿ ಇಟ್ಟ. ಈ ಸಲ ಲೋಟ ನಿಂತಿತು. ನೀವೂ ಮಾಡಿ ನೋಡಿ, ಖರ್ಚೇನಿಲ್ಲ. ಆ ಗುಮ್ಮಟವೂ ಹಾಗೇ, ನೆರಿಗೆ ನೆರಿಗೆಯಾಗಿ ಮಡಚಿದ ಕಾಂಕ್ರೀಟು. ಅದಕ್ಕೇ ಅಷ್ಟು ತೆಳುವಾದರೂ ಗಟ್ಟಿ.

ಇನ್ನೊಂದು ಕಷ್ಟ ಇದೆ. ಗುಮ್ಮಟದ ಭಾರ ಬರೀ ಕೆಳಕ್ಕೆ ಬರುವುದಿಲ್ಲ, ಪಕ್ಕಕ್ಕೂ ತಳ್ಳುತ್ತದೆ. ಒದ್ದೆ ಬಚ್ಚಲಲ್ಲಿ ಕಾಲು ಅಗಲಿಸಿ ನಿಂತರೆ ಎರಡು ಪಾದವೂ ಹೊರಕ್ಕೆ ಜಾರುತ್ತವೆ, ಅಲ್ವಾ? ಹಾಗೆ. ಹಳೇ ಕಾಲದವರು ಅದನ್ನು ದಪ್ಪ ಗೋಡೆಯ ತೂಕದಿಂದ ತಡೆದರು. ಇಲ್ಲಿ ಮಾಡಿದ್ದು ಬೇರೆ ಉಪಾಯ. ಗುಮ್ಮಟದ ಅಂಚಿಗೆ ಕಾಲು ಇಂಚಿನ ಉಕ್ಕಿನ ತಂತಿಯನ್ನು ಬಿಗಿಯಾಗಿ ಎಳೆದು ಸುತ್ತಿದರು. ಒಂದೆರಡು ಸುತ್ತಲ್ಲ. ಒಟ್ಟು ತಂತಿ 614 ಮೈಲಿ. ಬೆಂಗಳೂರಿನಿಂದ ಮುಂಬೈಗೆ ರಸ್ತೆಯಲ್ಲಿ ಹೋದಷ್ಟು ಉದ್ದ!

ನನಗೆ ಅಜ್ಜಿ ಊರಿನ ಕಮ್ಮಾರ ನೆನಪಾದ. ಗಾಡಿ ಚಕ್ರಕ್ಕೆ ಕೆಂಪಗೆ ಕಾಯಿಸಿದ ಕಬ್ಬಿಣದ ಪಟ್ಟಿ ಹಾಕಿ, ಚುಂಯ್ ಅಂತ ನೀರು ಹುಯ್ಯುತ್ತಿದ್ದ. ಪಟ್ಟಿ ತಣಿದು ಕುಗ್ಗಿ ಮರದ ತುಂಡುಗಳನ್ನೆಲ್ಲ ಕಚ್ಚಿ ಹಿಡಿಯುತ್ತಿತ್ತು. ಇಲ್ಲಿ ಬೆಂಕಿ ಇಲ್ಲ, ಎಳೆತ ಇದೆ, ಅಷ್ಟೇ. ಅಂಚು ಬಿಗಿಯಾದಂತೆ ಗುಮ್ಮಟ ತುಸು ಮೇಲೆದ್ದು, ಕೆಳಗೆ ಆಸರೆಗೆ ಕಟ್ಟಿದ್ದ ಸೆಂಟ್ರಿಂಗ್‌ನಿಂದ ಬಿಡಿಸಿಕೊಂಡಿತು. 4,000 ಟನ್ನಿಗೂ ಮೀರಿದ ಚಾವಣಿ ಅದು. ಆ ದಿನ ಕೆಳಗೆ ನಿಂತಿದ್ದ ಮೇಸ್ತ್ರಿಯ ಮುಖ ನೋಡಬೇಕಿತ್ತು.

ಇದರ ವಾಸ್ತುಶಿಲ್ಪಿ ಮ್ಯಾಕ್ಸ್ ಅಬ್ರಮೊವಿಟ್ಜ್ ಅದೇ ವಿಶ್ವವಿದ್ಯಾಲಯದ ಹಳೇ ವಿದ್ಯಾರ್ಥಿ. ಅವರ ಕಥೆಯಲ್ಲಿ ಒಂದು ತಮಾಷೆ ಇದೆ. ನ್ಯೂಯಾರ್ಕಿನ ಲಿಂಕನ್ ಸೆಂಟರ್‌ನಲ್ಲಿ ಬರೀ ಸಂಗೀತಕ್ಕೇ ಅಂತ ಅವರು ರೂಪಿಸಿದ ಸಭಾಂಗಣ 1962ರಲ್ಲಿ ತೆರೆಯಿತು. ಧ್ವನಿ ಸರಿಯಿಲ್ಲ ಅಂತ ಬೈಸಿಕೊಂಡಿತು. ಮುಂದೆ ಅದರ ಒಳಭಾಗವನ್ನೇ ಕಿತ್ತು ಮತ್ತೆ ಕಟ್ಟಬೇಕಾಯಿತು. ಎಲ್ಲಕ್ಕೂ ಆಗಲಿ ಅಂತ ಕಟ್ಟಿದ ಈ ಬಟ್ಟಲು ಮಾತ್ರ ಜನರಿಗೆ ಅಚ್ಚುಮೆಚ್ಚಾಯಿತು.

ಹಾಗಂತ ಇಲ್ಲಿ ಹಾಡು ಚೆನ್ನಾಗಿ ಕೇಳುತ್ತದೆ ಅಂತ ನಾನು ಒಪ್ಪುವುದಿಲ್ಲ. ಆಟಕ್ಕೆ ಗದ್ದಲ ಬೇಕು. ಕಿತ್ತಳೆ ಬಣ್ಣದ ಅಂಗಿ ತೊಟ್ಟ ಹುಡುಗರು ಕೂಗಿದರೆ ಕೂತ ಕುರ್ಚಿಯೂ ನಡುಗಿದ ಹಾಗಾಗುತ್ತಿತ್ತು. ಗುಮ್ಮಟ ಆ ಕೂಗನ್ನು ಹೊರಗೆ ಬಿಡದೆ ನಮ್ಮ ತಲೆ ಮೇಲೇ ಸುರಿಯುತ್ತದೆ. ಎದುರಾಳಿ ಆಟಗಾರನಿಗೆ ತನ್ನ ಕೋಚ್ ಹೇಳಿದ್ದೇ ಕೇಳಬಾರದು, ಅದೇ ಮಜಾ. ಸಂಗೀತಕ್ಕೆ ಬೇಕಾದ್ದು ತಿರುಗಾ ಮುರುಗಾ. ಒಂದು ಸ್ವರ ಇನ್ನೊಂದರ ಮೇಲೆ ಬೀಳಬಾರದು. 1976ರಲ್ಲಿ ರಾಕ್ ಗಾಯಕ ಎಲ್ವಿಸ್ ಪ್ರೀಸ್ಲಿ ಇಲ್ಲಿ ಹಾಡಿದ್ದ. ಅವನ ಹಾಡಿಗೆ ಬಂದವರು ಸ್ವರ ಎಣಿಸಿರಲಿಕ್ಕಿಲ್ಲ ಬಿಡಿ. ಮೆಲುದನಿಯ ಪಿಟೀಲು ಕೇಳಬೇಕೆಂದರೆ ಅದೇ ಕ್ಯಾಂಪಸ್ಸಿನಲ್ಲಿ ಕ್ರ್ಯಾನರ್ಟ್ ಸೆಂಟರ್ ಇದೆ. 1969ರಲ್ಲಿ ತೆರೆದದ್ದು. ಅದನ್ನು ರೂಪಿಸಿದವರೂ ಅಬ್ರಮೊವಿಟ್ಜ್ ಅವರೇ. ಅಲ್ಲಿನ ದೊಡ್ಡ ಸಭಾಂಗಣದ ಧ್ವನಿಯನ್ನು ಸಂಗೀತಗಾರರು ಹೊಗಳುತ್ತಾರೆ.

ಬೇಸಿಗೆಯ ಸೆಖೆಯಲ್ಲಿ ದಶಕಗಳ ಕಾಲ ಎಸಿ ಇಲ್ಲದೆ ಜನ ಇಲ್ಲಿ ಕೂತಿದ್ದರು. 2016ರಲ್ಲಿ ಮುಗಿದ ನವೀಕರಣದಲ್ಲಿ ಅದೂ ಬಂತು. ಗುಮ್ಮಟ ಮಾತ್ರ ಹಳೆಯದೇ.

ಅವತ್ತು ಆಟ ಮುಗಿದ ಮೇಲೆ ಜನ ಕರಗುವವರೆಗೂ ನಾವು ಕೂತೇ ಇದ್ದೆವು. ಮುಂದಿನ ಕಾರ್ಯಕ್ರಮಕ್ಕೆ ಕೋರ್ಟ್ ಬಿಚ್ಚುವ ಕೆಲಸ ಶುರುವಾಯಿತು. ಆ ಹೊಳೆಯುವ ಮರದ ನೆಲ ಒಂದೇ ಹಾಸಲ್ಲ. ಬಾಗಿಲಿನಷ್ಟು ದೊಡ್ಡ ಹಲಗೆಗಳ ಜೋಡಣೆ. ಇಬ್ಬರು ಸೇರಿ ಒಂದೊಂದನ್ನೇ ಎತ್ತಿ ಗಾಡಿಗೆ ಪೇರಿಸುತ್ತಿದ್ದರು. ಕೆಳಗೆ ಬೂದು ಬಣ್ಣದ ನೆಲ ಕಾಣಿಸುತ್ತಾ ಬಂತು.

"ಚಿಕ್ಕಮ್ಮಾ, ಈಗ ಒಂದ್ಸಲ ಚಪ್ಪಾಳೆ ತಟ್ಟಿ ನೋಡು" ಅಂದ ಹುಡುಗ.

ಅತ್ತಿತ್ತ ನೋಡಿ ಜೋರಾಗಿ ತಟ್ಟಿದೆ. ಅದೇ ಹೊತ್ತಿಗೆ ಕೆಳಗೆ ಯಾರೋ ಹಲಗೆಯೊಂದನ್ನು ದಢಾರ್ ಅಂತ ಗಾಡಿಗೆ ಹಾಕಿದರು. ನನ್ನ ಚಪ್ಪಾಳೆ ಎಲ್ಲಿ ಹೋಯಿತೋ, ತಿರುಗಿ ಬಂತೋ ಇಲ್ಲವೋ, ತಿಳಿಯಲೇ ಇಲ್ಲ.

ನಮಸ್ಕಾರ.