ಗಡಿ ದಾಟುವ ಸೇವೆಗಳು: ಪ್ರಾದೇಶಿಕ ಒಕ್ಕೂಟಗಳಲ್ಲಿ ಸೇವಾ ವ್ಯಾಪಾರ

ಮಾನ್ಯ ಅಧ್ಯಕ್ಷರೇ, ಅಧ್ಯಾಪಕ ಬಂಧುಗಳೇ, ವಿದ್ಯಾರ್ಥಿ ಮಿತ್ರರೇ,

ಕಾಸರಗೋಡಿನಲ್ಲಿ ಅಂತರರಾಷ್ಟ್ರೀಯ ವ್ಯಾಪಾರದ ಮಾತು ಎತ್ತಿದರೆ ಅದು ಅಡಿಕೆಗೆ ಬಂದು ನಿಲ್ಲುವುದು ವಾಡಿಕೆ. ಹೊರದೇಶದ ಅಡಿಕೆ ಎಷ್ಟು ಬಂತು, ಕನಿಷ್ಠ ಆಮದು ಬೆಲೆ ಎಷ್ಟಿದೆ, ಶ್ರೀಲಂಕಾದ ಹೆಸರಿನಲ್ಲಿ ಬಂದ ಮಾಲು ನಿಜವಾಗಿ ಯಾವ ನೆಲದ್ದು ಎಂಬ ಚರ್ಚೆ ಬದಿಯಡ್ಕ, ಪೆರ್ಲದ ಅಂಗಡಿ ಜಗಲಿಗಳಲ್ಲೂ ನಡೆಯುತ್ತದೆ. ಇಂದು ನಾನು ಮಾತನಾಡಬೇಕೆಂದಿರುವುದು ಗೋಣಿಯಲ್ಲಿ ತುಂಬಿಸಲಾಗದ ವಸ್ತುವಿನ ಬಗ್ಗೆ: ವೈದ್ಯರ ಚಿಕಿತ್ಸೆ, ದಾದಿಯ ಆರೈಕೆ, ಲೆಕ್ಕಪರಿಶೋಧಕರ ಸಹಿ, ಬಸ್ಸಿನ ಓಡಾಟ, ಬ್ಯಾಂಕಿನ ಶಾಖೆ. ಒಂದು ಪ್ರದೇಶದ ದೇಶಗಳು ಒಕ್ಕೂಟ ಕಟ್ಟಿಕೊಂಡು ಇಂಥ ಸೇವೆಗಳನ್ನು ಪರಸ್ಪರ ಮುಕ್ತಗೊಳಿಸುತ್ತೇವೆಂದು ಒಪ್ಪಂದಕ್ಕೆ ಸಹಿ ಹಾಕಿದಾಗ ನಿಜವಾಗಿ ಏನು ತೆರೆಯುತ್ತದೆ, ಏನು ಮುಚ್ಚಿಯೇ ಉಳಿಯುತ್ತದೆ ಎಂಬುದು ನನ್ನ ವಿಷಯ.

ಸರಕಿನ ವ್ಯಾಪಾರದಲ್ಲಿ ತಡೆ ಎಲ್ಲಿದೆ ಎಂದು ಬೆರಳು ಮಾಡಿ ತೋರಿಸಬಹುದು. ಬಂದರಿನಲ್ಲಿ ಸುಂಕದ ಕಟ್ಟೆಯಿದೆ, ಸುಂಕದ ದರವಿದೆ. ದರ ಇಳಿದರೆ ಬಾಗಿಲು ಅಷ್ಟರಮಟ್ಟಿಗೆ ತೆರೆದಂತೆ. ಸೇವೆಗೆ ಸುಂಕವೇ ಇಲ್ಲ. ಅದರ ತಡೆಯೆಲ್ಲ ದೇಶದೊಳಗಿನ ಕಾನೂನಿನಲ್ಲಿ, ವೃತ್ತಿ ಮಂಡಳಿಗಳ ನೋಂದಣಿಯಲ್ಲಿ, ವೀಸಾದ ಷರತ್ತಿನಲ್ಲಿ, ವಿದೇಶಿ ಬಂಡವಾಳದ ಮಿತಿಯಲ್ಲಿ ಹರಡಿಕೊಂಡಿರುತ್ತದೆ. 1995ರ ಜನವರಿಯಲ್ಲಿ ವಿಶ್ವ ವ್ಯಾಪಾರ ಸಂಸ್ಥೆಯೊಂದಿಗೇ ಜಾರಿಗೆ ಬಂದ ಸೇವಾ ವ್ಯಾಪಾರದ ಸಾಮಾನ್ಯ ಒಪ್ಪಂದ, ಅಂದರೆ ಗ್ಯಾಟ್ಸ್, ಸೇವೆ ಗಡಿ ದಾಟುವ ನಾಲ್ಕು ಬಗೆಗಳನ್ನು ಗುರುತಿಸಿತು. ಇಲ್ಲಿಯ ಯುವಕನೊಬ್ಬ ಮನೆಯಲ್ಲೇ ಕುಳಿತು ದುಬೈ ಅಂಗಡಿಯ ಲೆಕ್ಕ ಬರೆದು ಅಂತರ್ಜಾಲದಲ್ಲಿ ಕಳುಹಿಸಿದರೆ ಸೇವೆ ಮಾತ್ರ ಗಡಿ ದಾಟಿತು. ರೋಗಿ ಆಸ್ಪತ್ರೆಯನ್ನು ಹುಡುಕಿಕೊಂಡು ಹೋದರೆ ಗ್ರಾಹಕ ದಾಟಿದ. ಬ್ಯಾಂಕು ಹೊರದೇಶದಲ್ಲಿ ಶಾಖೆ ತೆರೆದರೆ ಸಂಸ್ಥೆ ದಾಟಿತು. ದಾದಿ ಕೆಲಸಕ್ಕೆಂದು ಕೆಲವು ವರ್ಷ ಹೋದರೆ ಮನುಷ್ಯರೇ ದಾಟಿದರು. ಈ ನಾಲ್ಕನೆಯ ಬಗೆಯ ವಿಷಯದಲ್ಲಿ ಎಲ್ಲ ದೇಶಗಳೂ ಜಿಪುಣತನ ತೋರಿಸುತ್ತವೆ. ಆದ್ದರಿಂದ ಒಂದು ಒಕ್ಕೂಟದ ಮುಕ್ತತೆಯನ್ನು ಅಳೆಯುವಾಗ ತೆರೆಯುತ್ತೇವೆಂದು ಅದು ಮಾತು ಕೊಟ್ಟ ಪಟ್ಟಿಯಲ್ಲಿ ಎಷ್ಟು ಕ್ಷೇತ್ರಗಳಿವೆ ಎಂದು ಎಣಿಸಬಾರದು, ಒಂದು ದೇಶದ ದಾದಿಯ ಪ್ರಮಾಣಪತ್ರವನ್ನು ಇನ್ನೊಂದು ದೇಶ ಹೇಗೆ ಓದುತ್ತದೆ ಎಂದು ನೋಡಬೇಕು ಎಂಬುದು ನನ್ನ ವಾದ.

ಆಗ್ನೇಯ ಏಷ್ಯಾದ ಆಸಿಯಾನ್ ಒಕ್ಕೂಟವನ್ನೇ ತೆಗೆದುಕೊಳ್ಳೋಣ. ಅದು ಸೇವೆಗಳ ಚೌಕಟ್ಟು ಒಪ್ಪಂದಕ್ಕೆ 1995ರ ಡಿಸೆಂಬರಿನಲ್ಲಿ ಬ್ಯಾಂಕಾಕಿನಲ್ಲಿ ಸಹಿ ಹಾಕಿ, ಸುತ್ತಿನ ಮೇಲೆ ಸುತ್ತು ಮಾತುಕತೆ ನಡೆಸಿ ಪಟ್ಟಿಯನ್ನು ಬೆಳೆಸುತ್ತಾ ಬಂತು. ಒಕ್ಕೂಟದೊಳಗಿನ ಹೂಡಿಕೆದಾರರಿಗೆ ಸೇವಾ ಸಂಸ್ಥೆಗಳಲ್ಲಿ ಶೇ. 70ರವರೆಗೆ ಪಾಲು ನೀಡುವ ಗುರಿಯನ್ನೂ ಇಟ್ಟುಕೊಂಡಿತು. ದಾದಿಯರ ಅರ್ಹತೆಯ ಪರಸ್ಪರ ಮಾನ್ಯತೆಗೆ 2006ರಲ್ಲಿ ಒಪ್ಪಂದವಾಯಿತು. ಅದರಂತೆ ಕನಿಷ್ಠ ಮೂರು ವರ್ಷ ವೃತ್ತಿಯ ಅನುಭವವಿರುವ ದಾದಿ ಇನ್ನೊಂದು ಸದಸ್ಯ ದೇಶದಲ್ಲಿ ನೋಂದಣಿಗೆ ಅರ್ಜಿ ಹಾಕಬಹುದು. ಆದರೆ ನೋಂದಣಿ ಕೊಡುವ ಅಧಿಕಾರ ಆಯಾ ದೇಶದ ಮಂಡಳಿಯಲ್ಲೇ ಉಳಿಯಿತು. ಥಾಯ್ಲೆಂಡಿನಲ್ಲಿ ಲೈಸೆನ್ಸ್ ಪರೀಕ್ಷೆ ಥಾಯ್ ಭಾಷೆಯಲ್ಲಿದೆ. ಫಿಲಿಪೀನ್ಸ್ ಸಂವಿಧಾನವಂತೂ ಕಾನೂನು ಬೇರೆ ಹೇಳದ ಹೊರತು ವೃತ್ತಿಗಳನ್ನು ತನ್ನ ನಾಗರಿಕರಿಗೇ ಮೀಸಲಿಟ್ಟಿದೆ. ಹೀಗಾಗಿ ಒಪ್ಪಂದದ ಕಾಗದದಲ್ಲಿ ಬಾಗಿಲು ತೆರೆದಿದ್ದರೂ ಒಳಗೆ ಹೋಗುವವಳು ಮೊದಲಿನ ಸಾಲಿನಲ್ಲೇ ನಿಲ್ಲಬೇಕಾಯಿತು. ರೋಗಿಯ ನೋವನ್ನು ಅವನ ಭಾಷೆಯಲ್ಲೇ ಕೇಳಿ ತಿಳಿಯಬೇಕೆಂಬ ನಿಯಮವನ್ನು ಬರೀ ವ್ಯಾಪಾರದ ತಡೆಯೆಂದು ತಳ್ಳಿಹಾಕಲು ಭಾಷಾ ಅಲ್ಪಸಂಖ್ಯಾತರಾದ ನಮ್ಮಿಂದಂತೂ ಆಗದು. ಆದರೆ ರೋಗಿಯ ಹಿತಕ್ಕಾಗಿ ಇರುವ ನಿಯಮ ಯಾವುದು, ಊರಿನ ವೃತ್ತಿನಿರತರ ಆದಾಯ ಕಾಯಲು ಇರುವ ನಿಯಮ ಯಾವುದು ಎಂದು ಬೇರ್ಪಡಿಸುವ ಕೆಲಸವನ್ನು ಯಾವ ಪಟ್ಟಿಯೂ ಮಾಡಿಕೊಡುವುದಿಲ್ಲ.

ಯುರೋಪ್ ಈ ವಿಷಯದಲ್ಲಿ ಎಲ್ಲರಿಗಿಂತ ಮುಂದೆ ಹೋಯಿತು, ಜಗಳವನ್ನೂ ಎಲ್ಲರಿಗಿಂತ ಹೆಚ್ಚು ಕಂಡಿತು. ಸೇವೆ ಒದಗಿಸುವ ಸ್ವಾತಂತ್ರ್ಯ 1957ರ ರೋಮ್ ಒಪ್ಪಂದದಲ್ಲೇ ಇತ್ತು. 2004ರಲ್ಲಿ ಸೇವಾ ನಿರ್ದೇಶನದ, ಅಂದರೆ ಸದಸ್ಯ ದೇಶಗಳೆಲ್ಲ ತಮ್ಮ ಕಾನೂನಿಗೆ ಅಳವಡಿಸಿಕೊಳ್ಳಬೇಕಾದ ಒಕ್ಕೂಟದ ನಿಯಮದ, ಕರಡು ಬಂದು, ಸೇವೆ ನೀಡುವವನು ತನ್ನ ಮೂಲದೇಶದ ನಿಯಮ ಪಾಲಿಸಿದರೆ ಸಾಕು ಎಂದಿತು. ಮರುವರ್ಷ ಫ್ರಾನ್ಸಿನಲ್ಲಿ ಯುರೋಪಿನ ಸಂವಿಧಾನದ ಬಗ್ಗೆ ಜನಮತಗಣನೆ ನಡೆದಾಗ, ಕಡಿಮೆ ಕೂಲಿಗೆ ಬರಲಿರುವ 'ಪೋಲೆಂಡಿನ ಪ್ಲಂಬರ್' ಎಲ್ಲರ ಬಾಯಲ್ಲೂ ಹರಿದಾಡಿದ. 2006ರ ಡಿಸೆಂಬರಿನಲ್ಲಿ ಅಂಗೀಕಾರವಾದ ನಿರ್ದೇಶನದಲ್ಲಿ ಮೂಲದೇಶದ ತತ್ತ್ವ ಕೈಬಿಟ್ಟುಹೋಗಿತ್ತು, ಆರೋಗ್ಯ ಸೇವೆಯೂ ಹೊರಗುಳಿದಿತ್ತು.

ಆರೋಗ್ಯಕ್ಕೆ ಯುರೋಪಿನಲ್ಲಿ ಬಾಗಿಲು ತೆರೆದದ್ದು ನ್ಯಾಯಾಲಯದ ದಾರಿಯಿಂದ. ಕೋಲ್ ಪ್ರಕರಣ ಎಂದು ಹೆಸರಾದ ಮೊಕದ್ದಮೆಯಲ್ಲಿ ಲಕ್ಸೆಂಬರ್ಗಿನ ತಂದೆಯೊಬ್ಬರು ಮಗಳ ಹಲ್ಲಿನ ಚಿಕಿತ್ಸೆಯನ್ನು ಗಡಿಯಾಚೆಯ ಜರ್ಮನಿಯ ಟ್ರಿಯರ್ ಪಟ್ಟಣದಲ್ಲಿ ಮಾಡಿಸಲು ಬಯಸಿದ್ದರು. ಚಿಕಿತ್ಸೆ ತುರ್ತಿನದಲ್ಲ, ನಮ್ಮಲ್ಲೇ ಸಿಗುತ್ತದೆ ಎಂದು ವಿಮಾ ನಿಧಿ ಅನುಮತಿ ನಿರಾಕರಿಸಿತು. ಇಂಥ ಪೂರ್ವಾನುಮತಿಯ ಷರತ್ತು ಸೇವಾ ಸ್ವಾತಂತ್ರ್ಯಕ್ಕೆ ಅಡ್ಡಿಯೆಂದು ಯುರೋಪಿನ ನ್ಯಾಯಾಲಯ 1998ರ ಏಪ್ರಿಲಿನಲ್ಲಿ ತೀರ್ಪಿತ್ತಿತು. ಗಡಿಯಾಚೆಯ ಚಿಕಿತ್ಸೆಯ ಬಗ್ಗೆ ರೋಗಿಗಳ ಹಕ್ಕುಗಳ ನಿರ್ದೇಶನ 2011ರಲ್ಲಿ ಬಂತು. ಲಕ್ಸೆಂಬರ್ಗಿನಿಂದ ಟ್ರಿಯರಿಗೆ ಸರಿಸುಮಾರು ಇಲ್ಲಿಂದ ಮಂಗಳೂರಿಗೆ ಇರುವಷ್ಟೇ ದೂರ.

ಮಂಗಳೂರಿನ ಮಾತು ಬಂದದ್ದರಿಂದ ಸ್ವಲ್ಪ ನಿಲ್ಲುತ್ತೇನೆ. ಕೇರಳ ಮತ್ತು ಕರ್ನಾಟಕ ಒಂದೇ ದೇಶದ ರಾಜ್ಯಗಳಾದ್ದರಿಂದ ಇಲ್ಲಿಯದು ಅಂತರರಾಷ್ಟ್ರೀಯ ವ್ಯಾಪಾರವಲ್ಲ, ನಿಜ. ಸಂವಿಧಾನದ 301ನೇ ವಿಧಿ ದೇಶದಾದ್ಯಂತ ವ್ಯಾಪಾರ, ವಾಣಿಜ್ಯ, ಸಂಪರ್ಕ ಮುಕ್ತವಾಗಿರಬೇಕೆನ್ನುತ್ತದೆ. ಈ ತಾಲೂಕು 1956ರ ನವೆಂಬರಿನವರೆಗೆ ದಕ್ಷಿಣ ಕನ್ನಡ ಜಿಲ್ಲೆಯದೇ ಭಾಗವಾಗಿತ್ತು. ಜಿಲ್ಲೆಯ ಗಡಿ ಬದಲಾದರೂ ಮಂಜೇಶ್ವರ, ಉಪ್ಪಳ, ಕುಂಬಳೆಯ ರೋಗಿಗಳು ಮಂಗಳೂರಿನ ಆಸ್ಪತ್ರೆಗಳಿಗೆ ಹೋಗುವ ದಾರಿ ಬದಲಾಗಲಿಲ್ಲ. ಇದಕ್ಕಿಂತ ಮುಕ್ತವಾದ ಸೇವಾ ಮಾರುಕಟ್ಟೆಯನ್ನು ಯಾವ ಒಕ್ಕೂಟವೂ ಕನಸು ಕಾಣಲಾರದು. ಹಾಗಿದ್ದೂ 2020ರ ಮಾರ್ಚ್ ಕೊನೆಯಲ್ಲಿ ಕೋವಿಡ್ ಭಯದಿಂದ ಕರ್ನಾಟಕವು ಗಡಿ ರಸ್ತೆಗಳನ್ನು ಮುಚ್ಚಿತು, ಕೆಲವೆಡೆ ಮಣ್ಣು ಸುರಿದು ಮುಚ್ಚಿತು. ತಲಪಾಡಿಯಲ್ಲಿ ಆಂಬುಲೆನ್ಸ್‌ಗಳು ತಡೆಯಲ್ಪಟ್ಟವು. ರಾಷ್ಟ್ರೀಯ ಹೆದ್ದಾರಿಯ ತಡೆಯನ್ನು ತೆರವುಗೊಳಿಸಬೇಕೆಂದು ಏಪ್ರಿಲ್ 1ರಂದು ಕೇರಳ ಹೈಕೋರ್ಟ್ ಕೇಂದ್ರಕ್ಕೆ ನಿರ್ದೇಶಿಸಿತು. ವಿಷಯ ಸುಪ್ರೀಂ ಕೋರ್ಟಿಗೆ ಹೋಗಿ, ತುರ್ತು ರೋಗಿಗಳನ್ನು ಬಿಡುವ ಕ್ರಮ ರಾಜ್ಯಗಳ ನಡುವೆ ಒಪ್ಪಿಗೆಯಾಗಿದೆಯೆಂದು ಕೇಂದ್ರ ಕೆಲವೇ ದಿನಗಳಲ್ಲಿ ತಿಳಿಸಿತು. ಆ ಕೆಲವು ದಿನಗಳಲ್ಲಿ ಚಿಕಿತ್ಸೆ ಸಿಗದೆ ತೀರಿಕೊಂಡವರ ಮನೆಗಳು ಈ ಜಿಲ್ಲೆಯಲ್ಲಿವೆ.

ಇದರಲ್ಲಿ ಅರ್ಥಶಾಸ್ತ್ರದ ವಿದ್ಯಾರ್ಥಿ ಗಮನಿಸಬೇಕಾದ ಅಂಶ ಗಡಿ ಮುಚ್ಚಿದ್ದಷ್ಟೇ ಅಲ್ಲ. ಐವತ್ತು ಕಿಲೋಮೀಟರ್ ದೂರದಲ್ಲಿ ಒಳ್ಳೆಯ ಆಸ್ಪತ್ರೆಗಳಿದ್ದಾಗ ಇಲ್ಲಿ ಖಾಸಗಿ ಬಂಡವಾಳ ಬರಲು ಕಾರಣವಿರಲಿಲ್ಲ, ಸರ್ಕಾರಕ್ಕೂ ಅವಸರವಿರಲಿಲ್ಲ. ಉಕ್ಕಿನಡ್ಕದ ವೈದ್ಯಕೀಯ ಕಾಲೇಜಿಗೆ 2013ರಲ್ಲಿ ಶಂಕುಸ್ಥಾಪನೆಯಾಗಿದ್ದರೂ ಅಲ್ಲಿ ರೋಗಿಗಳಿಗೆ ಹಾಸಿಗೆ ಹಾಕಿದ್ದು ಗಡಿ ಮುಚ್ಚಿದ ಮೇಲೆ, 2020ರ ಏಪ್ರಿಲಿನಲ್ಲಿ, ಕೋವಿಡ್ ಆಸ್ಪತ್ರೆಯಾಗಿ. ಮುಕ್ತ ವ್ಯಾಪಾರದ ಪಠ್ಯಗಳು ಅಗ್ಗದ ಮತ್ತು ಉತ್ತಮ ಸೇವೆ ಪಕ್ಕದಲ್ಲಿದ್ದರೆ ಅದನ್ನೇ ಬಳಸಿ ಎನ್ನುತ್ತವೆ. ಸರಿಯಾದ ಸಲಹೆಯೇ. ಆದರೆ ಬಾಗಿಲ ಕೀಲಿ ಯಾರ ಕೈಯಲ್ಲಿದೆ ಎಂದು ಆ ಪಠ್ಯಗಳು ಹೆಚ್ಚು ಕೇಳುವುದಿಲ್ಲ. 2024ರ ಆಗಸ್ಟಿನಲ್ಲಿ ಢಾಕಾದಲ್ಲಿ ಸರ್ಕಾರ ಬಿದ್ದ ಬಳಿಕ ಭಾರತದ ವೀಸಾ ಸೇವೆ ಕುಗ್ಗಿದಾಗ, ಕೋಲ್ಕತ್ತದ ಆಸ್ಪತ್ರೆಗಳನ್ನು ನಂಬಿಕೊಂಡಿದ್ದ ಬಾಂಗ್ಲಾ ರೋಗಿಗಳಿಗೂ ಇದೇ ಅನುಭವವಾಯಿತು.

ನಮ್ಮ ಮನೆಗಳಿಂದ ಹೆಚ್ಚು ಜನ ಹೋಗುವ ಕೊಲ್ಲಿಯ ಬಗ್ಗೆ ಒಂದೆರಡು ಮಾತು. 1981ರಲ್ಲಿ ಸ್ಥಾಪನೆಯಾದ ಕೊಲ್ಲಿ ಸಹಕಾರ ಮಂಡಳಿ 2008ರ ಜನವರಿಯಿಂದ ಸಾಮಾನ್ಯ ಮಾರುಕಟ್ಟೆಯಾಗಿದೆ. ಆದರೆ ವೃತ್ತಿ ನಡೆಸುವ ಸಮಾನ ಹಕ್ಕು ಇರುವುದು ಸದಸ್ಯ ದೇಶಗಳ ನಾಗರಿಕರಿಗೆ. ಅಲ್ಲಿ ದುಡಿಯುವವರಲ್ಲಿ ಬಹುಪಾಲು ಹೊರಗಿನವರಾದ್ದರಿಂದ, ಒಕ್ಕೂಟದ ಮುಕ್ತತೆ ನಿಜವಾಗಿ ಸೇವೆ ನೀಡುವವರನ್ನು ಮುಟ್ಟುವುದೇ ಇಲ್ಲ. ಸಂಯುಕ್ತ ಅರಬ್ ಎಮಿರೇಟ್ಸ್ ಒಂದರೊಳಗೇ ದುಬೈಗೆ ಒಂದು, ಅಬುಧಾಬಿಗೆ ಒಂದು, ಉಳಿದ ಎಮಿರೇಟ್‌ಗಳಿಗೆ ಕೇಂದ್ರ ಸಚಿವಾಲಯ ಎಂದು ಆರೋಗ್ಯ ಲೈಸೆನ್ಸ್ ಕೊಡುವ ಮೂರು ಸಂಸ್ಥೆಗಳಿವೆ. 2022ರ ಮೇ ತಿಂಗಳಲ್ಲಿ ಜಾರಿಗೆ ಬಂದ ಭಾರತ–ಎಮಿರೇಟ್ಸ್ ಒಪ್ಪಂದದಲ್ಲಿ ಸೇವೆಗಳ ಅಧ್ಯಾಯವಿದೆ. ಆದರೂ ಇಲ್ಲಿಂದ ಹೋಗುವ ದಾದಿ ದಾಖಲೆ ಪರಿಶೀಲನೆಯನ್ನೂ ಪರೀಕ್ಷೆಯನ್ನೂ ದಾಟಿಯೇ ಹೋಗುತ್ತಾಳೆ.

ಇನ್ನು ನಮ್ಮದೇ ಸಾರ್ಕ್. ಸೇವಾ ವ್ಯಾಪಾರದ ಒಪ್ಪಂದಕ್ಕೆ 2010ರ ಏಪ್ರಿಲಿನಲ್ಲಿ ಥಿಂಫುವಿನಲ್ಲಿ ಸಹಿಯಾಯಿತು, 2012ರ ನವೆಂಬರಿನಲ್ಲಿ ಅದು ಜಾರಿಗೂ ಬಂತು. ಯಾರು ಯಾವ ಕ್ಷೇತ್ರವನ್ನು ಎಷ್ಟು ತೆರೆಯುತ್ತಾರೆ ಎಂಬ ಪಟ್ಟಿಗಳ ಮಾತುಕತೆ ಮಾತ್ರ ದಡ ಸೇರಲಿಲ್ಲ. 2014ರ ಕಾಠ್ಮಂಡು ಶೃಂಗಸಭೆಯ ನಂತರ ನಾಯಕರ ಶೃಂಗಸಭೆಯೇ ನಡೆದಿಲ್ಲ. ಅದೇ ಸಭೆಯಲ್ಲಿ ವಾಹನ ಸಂಚಾರದ ಒಪ್ಪಂದ ಪಾಕಿಸ್ತಾನದ ಆಕ್ಷೇಪದಿಂದ ನಿಂತಿತು. ಬದಲಿಗೆ ಬಾಂಗ್ಲಾದೇಶ, ಭೂತಾನ್, ಭಾರತ, ನೇಪಾಳ ನಾಲ್ಕೇ ದೇಶಗಳು 2015ರ ಜೂನ್‌ನಲ್ಲಿ ಸಹಿ ಹಾಕಿದ ಒಪ್ಪಂದಕ್ಕೆ ಭೂತಾನಿನ ಮೇಲ್ಮನೆ ಮರುವರ್ಷ ಒಪ್ಪಿಗೆ ಕೊಡಲಿಲ್ಲ. ಹೊರಗಿನ ಲಾರಿ, ಟ್ಯಾಕ್ಸಿಗಳು ತುಂಬಿಕೊಂಡರೆ ಪರಿಸರ ಮತ್ತು ಊರಿನ ಚಾಲಕರ ಗತಿಯೇನು ಎಂಬ ಆತಂಕ ಅಲ್ಲಿತ್ತು. ಸಣ್ಣ ದೇಶದ ಈ ಹಿಂಜರಿಕೆ ನನಗೆ ಅವಿವೇಕವೆಂದು ತೋರುವುದಿಲ್ಲ. ವಿಚಿತ್ರವೆಂದರೆ, ಭಾರತ ಮತ್ತು ನೇಪಾಳದ ನಡುವೆ 1950ರ ಮೈತ್ರಿ ಒಪ್ಪಂದದ ಬಲದಲ್ಲಿ ಜನ ಪರಸ್ಪರ ದೇಶಗಳಲ್ಲಿ ನೆಲೆಸಿ ದುಡಿಯುವುದು ಸಾರ್ಕ್ ಹುಟ್ಟುವ ಎಷ್ಟೋ ಮೊದಲೇ ನಡೆದುಬಂದಿದೆ.

ಹಾಗಾದರೆ ದಕ್ಷಿಣ ಏಷ್ಯಾ ಎಲ್ಲಿಂದ ಆರಂಭಿಸಬೇಕು? ದೊಡ್ಡ ಪಟ್ಟಿಯಿಂದ ಅಲ್ಲ ಎಂದೇ ಹೇಳುತ್ತೇನೆ. ರೋಗಿಗಳ ವೀಸಾವನ್ನು ರಾಜಕೀಯದ ಏರಿಳಿತದಿಂದ ಬೇರ್ಪಡಿಸುವ ಲಿಖಿತ ಬದ್ಧತೆ ಮೊದಲು ಬರಲಿ. ತುರ್ತು ಸಂದರ್ಭದಲ್ಲಿ ಗಡಿ ಮುಚ್ಚಿದರೂ ಆಂಬುಲೆನ್ಸ್ ಯಾವ ಕಾಗದದ ಮೇಲೆ ದಾಟಬೇಕೆಂದು ಅದರಲ್ಲೇ ಬರೆದಿರಲಿ. ಆಮೇಲೆ ಎರಡೇ ಎರಡು ದೇಶಗಳ ದಾದಿಯರ ಮಂಡಳಿಗಳು ಕುಳಿತು ಪಠ್ಯಕ್ರಮ ಹೋಲಿಸಿ, ಯಾವ ವಿಷಯದಲ್ಲಿ ಕೊರತೆಯಿದೆಯೋ ಅದಕ್ಕೆ ಮಾತ್ರ ಪರೀಕ್ಷೆ ಇಟ್ಟು, ಉಳಿದದ್ದನ್ನು ಒಪ್ಪಿಕೊಳ್ಳಲಿ. ಈ ಕೆಲಸಕ್ಕೆ ಎಂಟು ರಾಷ್ಟ್ರಗಳ ಶೃಂಗಸಭೆ ಕಾಯಬೇಕಾಗಿಲ್ಲ. ಹೊರಗೆ ಹೇಳುವ ಮೊದಲು ಒಳಗೂ ಸ್ವಲ್ಪ ಬಾಕಿಯಿದೆ: ಕರ್ನಾಟಕದಲ್ಲಿ ಓದಿ ಅಲ್ಲೇ ನೋಂದಾಯಿಸಿಕೊಂಡ ನಮ್ಮ ಹುಡುಗಿ ಕೇರಳದಲ್ಲಿ ದುಡಿಯಬೇಕಾದರೆ ಇಲ್ಲಿಯ ಮಂಡಳಿಯಲ್ಲಿ ಮತ್ತೆ ನೋಂದಣಿಗೆ ಅರ್ಜಿ ಹಾಕಬೇಕು, ಹೊರರಾಜ್ಯದ ಪದವಿಗೆ ಹಲವು ಹುದ್ದೆಗಳಲ್ಲಿ ತತ್ಸಮಾನ ಪತ್ರ ತರಬೇಕು. ಈ ಎರಡು ಅರ್ಜಿಗಳಿಗೆ ಕಾಲಮಿತಿ ಹಾಕುವುದನ್ನು ಎರಡೂ ರಾಜ್ಯಗಳು ಯಾವ ಅಂತರರಾಷ್ಟ್ರೀಯ ಒಪ್ಪಂದವೂ ಇಲ್ಲದೆ ಮಾಡಬಹುದು.