ಪಕಾಸಿನ ಬುಡವನ್ನು ಹಿಡಿಯುವವರು ಯಾರು?

ಸ್ನೇಹಿತರೇ,

ಮನೆಗಳ ಮರದ ಛಾವಣಿಯಲ್ಲಿ ಎಷ್ಟು ಬಗೆ ಎಂದು ಕೇಳಿದರೆ ಹೆಸರುಗಳ ಉದ್ದನೆಯ ಪಟ್ಟಿ ಕೊಡಬಹುದು. ಪಟ್ಟಿ ಬಾಯಿಪಾಠವಾದರೂ ಛಾವಣಿ ಅರ್ಥವಾಗುವುದಿಲ್ಲ. ಎರಡು ಇಸ್ಪೀಟೆಲೆಗಳನ್ನು ಒಂದಕ್ಕೊಂದು ಒರಗಿಸಿ ನಿಲ್ಲಿಸಿ, ಮೇಲಿಂದ ಮೆಲ್ಲಗೆ ಒತ್ತಿ ನೋಡಿ. ಬುಡ ಎರಡೂ ಕಡೆಗೆ ಜಾರುತ್ತದೆ. ಛಾವಣಿಯ ನೆತ್ತಿಯಿಂದ ಗೋಡೆಗೆ ಓರೆಯಾಗಿ ಇಳಿಯುವ ಮರಗಳೇ ಪಕಾಸು. ಎದುರುಬದುರು ನಿಂತ ಪಕಾಸುಗಳ ಸ್ವಭಾವವೂ ಅದೇ. ಹೊದಿಕೆಯ ಭಾರ ಬಿದ್ದೊಡನೆ ಅವು ಗೋಡೆಯನ್ನು ಹೊರಕ್ಕೆ ನೂಕುತ್ತವೆ. ಆ ನೂಕನ್ನು ತಡೆಯುವುದು ಯಾವುದು? ಯಾವ ಛಾವಣಿಯ ಕೆಳಗೆ ನಿಂತರೂ ನಾನು ಮೊದಲು ಹುಡುಕುವುದು ಇದನ್ನೇ.

ಒಂದೇ ಕಡೆಗೆ ಇಳಿಜಾರಿರುವ ಒರಗು ಛಾವಣಿಯಲ್ಲಿ ಈ ತೊಂದರೆ ಕಡಿಮೆ. ಸುಮಾರು ಎರಡೂವರೆ ಮೀಟರು ಅಗಲದ ಜಗಲಿಗೆ ಅಷ್ಟು ಸಾಕು. ಬರಿಯ ಜೋಡಿ ಪಕಾಸಿನ ಛಾವಣಿಯಲ್ಲಿ ನೂಕು ಪೂರ್ತಿ ಗೋಡೆಯ ಪಾಲು. ಅದಕ್ಕೇ ಗೋಡೆಗಳ ನಡುವಿನ ಅಂತರ ಮೂರೂವರೆ ಮೀಟರು ದಾಟಿದರೆ ಅದನ್ನು ಸಾಮಾನ್ಯವಾಗಿ ಬಳಸುವುದಿಲ್ಲ. ಇಳಿಜಾರು ತಗ್ಗಿದಷ್ಟೂ ನೂಕು ಹೆಚ್ಚು: 45 ಡಿಗ್ರಿಯಿಂದ ಸುಮಾರು 27 ಡಿಗ್ರಿಗೆ ಇಳಿಸಿದರೆ ಅಷ್ಟೇ ಭಾರಕ್ಕೆ ನೂಕು ಎರಡರಷ್ಟಾಗುತ್ತದೆ.

ಎರಡು ಬುಡಗಳನ್ನೂ ಒಂದು ಅಡ್ಡ ತೊಲೆಯಿಂದ ಬಿಗಿದರೆ ನೂಕು ಆ ತೊಲೆಯೊಳಗಿನ ಎಳೆತವಾಗಿ ಮುಗಿದುಹೋಗುತ್ತದೆ, ಗೋಡೆಗೆ ನೆಟ್ಟನೆಯ ಭಾರ ಮಾತ್ರ ಉಳಿಯುತ್ತದೆ. ಒಳಗೆ ಎತ್ತರ ಬೇಕೆಂದು ಅದೇ ಅಡ್ಡಪಟ್ಟಿಯನ್ನು ಮೇಲಕ್ಕೇರಿಸುವುದುಂಟು. ಏರಿಸಿದಷ್ಟೂ ಅದರ ಹಿಡಿತ ಸಡಿಲ. ಪಟ್ಟಿಯ ಕೆಳಗಿನ ಪಕಾಸು ಬಾಗತೊಡಗುತ್ತದೆ. ಇನ್ನೊಂದು ದಾರಿ, ನೆತ್ತಿಯಲ್ಲಿ ದಪ್ಪ ತೊಲೆಯನ್ನಿಟ್ಟು ಅದನ್ನು ತ್ರಿಕೋನದ ಗೋಡೆಗಳ ಮೇಲೋ ಕಂಬಗಳ ಮೇಲೋ ಕೂರಿಸುವುದು. ಆಗ ಪಕಾಸುಗಳು ಅದಕ್ಕೆ ಆತುಕೊಂಡಿರುವುದರಿಂದ ಬುಡ ಜಾರುವ ಮಾತೇ ಇಲ್ಲ. ಆದರೆ ಮೊಳೆ ಹೊಡೆಯಲೆಂದು ನೆತ್ತಿಯಲ್ಲಿಟ್ಟ ತೆಳು ಹಲಗೆಯನ್ನು ತೊಲೆಯೆಂದು ನಂಬಬಾರದು. ಅದು ಭಾರ ಹೊರುವುದಿಲ್ಲ.

ಅಂತರ ಐದು ಮೀಟರು ದಾಟಿತೆಂದರೆ ಕಿಂಗ್ ಪೋಸ್ಟ್ ಟ್ರಸ್, ಅಂದರೆ ನಡುವೆ ಒಂದು ಕಂಬವಿರುವ ತ್ರಿಕೋನದ ಮರದ ಚೌಕಟ್ಟು, ಬರುತ್ತದೆ. ನನಗೆ ಎಲ್ಲಕ್ಕಿಂತ ಮೆಚ್ಚುಗೆಯಾದ ಕಟ್ಟು ಇದು. ನಡುಗಂಬವು ಅಡ್ಡ ತೊಲೆಯ ಮೇಲೆ ನಿಂತು ನೆತ್ತಿಯನ್ನು ಹೊತ್ತಿದೆ ಎಂದೇ ಬಹಳ ಮಂದಿ ತಿಳಿಯುತ್ತಾರೆ. ನಡೆಯುವುದು ತದ್ವಿರುದ್ಧ. ಕಂಬ ನೆತ್ತಿಯಿಂದ ತೂಗುತ್ತಿರುತ್ತದೆ. ಜೋಲುವ ಅಡ್ಡ ತೊಲೆಯನ್ನು ಅದೇ ಮೇಲಕ್ಕೆ ಹಿಡಿದಿರುತ್ತದೆ. ಹಳೆಯ ಟ್ರಸ್ಸಿನಲ್ಲಿ ಈ ಕಂಬದ ಬುಡವನ್ನು ಹತ್ತಿರದಿಂದ ನೋಡಿ: ತೊಲೆಯ ಅಡಿಯಿಂದ ಸುತ್ತಿ ಬಂದ ಕಬ್ಬಿಣದ ಪಟ್ಟಿ, ಅದನ್ನು ಬಿಗಿಯಲು ಕಂಬದಲ್ಲಿ ಬೆಣೆ. ಕಂಬ ಭಾರವನ್ನು ಕೆಳಕ್ಕೆ ಇಳಿಸುವುದಾಗಿದ್ದರೆ ಈ ಪಟ್ಟಿಗೆ ಕೆಲಸವೇ ಇರುತ್ತಿರಲಿಲ್ಲ. ಕಂಬದ ಬುಡದಿಂದ ಎರಡು ಓರೆ ಆನಿಕೆಗಳು ಏರಿ ಪಕಾಸುಗಳ ನಡುವನ್ನು ಎತ್ತಿ ಹಿಡಿಯುತ್ತವೆ.

ಎಂಟೊಂಬತ್ತು ಮೀಟರಿನ ನಂತರ ಎರಡು ಕಂಬದ ಕ್ವೀನ್ ಪೋಸ್ಟ್. ಕಂಬಗಳ ತಲೆ ಒಳಕ್ಕೆ ವಾಲದಂತೆ ನಡುವೆ ಅಡ್ಡಮರ ಇರುತ್ತದೆ. ಮನೆಗಳಿಗೆ ಇಷ್ಟು ಅಗಲ ಅಪರೂಪ.

ಈಗ ಹಲವು ದೇಶಗಳಲ್ಲಿ ಕಾರ್ಖಾನೆಯಿಂದಲೇ ಸಿದ್ಧ ಟ್ರಸ್ ಬರುತ್ತದೆ. ತೆಳು ಮರದ ತುಂಡುಗಳು, ಕೂಡುವಲ್ಲೆಲ್ಲ ಹಲ್ಲಿರುವ ಉಕ್ಕಿನ ತಗಡು, ಒಳಗೆ ಇಂಗ್ಲಿಷಿನ ‘ಡಬ್ಲ್ಯು’ ಆಕಾರ. ಮರ ಕಡಿಮೆ, ಕೆಲಸ ಬೇಗ. ಆದರೆ ಅಟ್ಟದಲ್ಲಿ ಜಾಗ ಬೇಕೆಂದು ಒಳಗಿನ ಒಂದು ಓರೆ ಪಟ್ಟಿಯನ್ನು ಕೊಯ್ದರೂ ಇಡೀ ಟ್ರಸ್ಸಿನ ಲೆಕ್ಕ ತಪ್ಪುತ್ತದೆ. ಅಟ್ಟದಲ್ಲಿ ಕೋಣೆ ಬೇಕಿದ್ದವರು ನಡುವೆ ಜಾಗ ಬಿಟ್ಟು ವಿನ್ಯಾಸ ಮಾಡಿದ ಟ್ರಸ್ಸನ್ನು ಮೊದಲೇ ಕೇಳಿ ಮಾಡಿಸಬೇಕು. ಇಲ್ಲವೇ ನೆತ್ತಿ ತೊಲೆಯ ಛಾವಣಿಯನ್ನು ಆರಿಸಿಕೊಳ್ಳಬೇಕು.